ಮರೆತ ನ್ಯಾಸ: ಪಾಣೆಮಂಗಳೂರನ್ನು ಕುರಿತು ಒಂದು ಚಿಂತನೆ

ಕುಂಬ್ರದ ನಮ್ಮ ಮನೆಯ ಉಪ್ಪರಿಗೆಯಲ್ಲಿ ಅಜ್ಜನ ಕಾಲದ ಲೆಕ್ಕದ ಪುಸ್ತಕಗಳನ್ನು ತುಂಬಿದ ಹಲಸಿನ ಮರದ ಪೆಟ್ಟಿಗೆಯೊಂದಿದೆ. ಆ ಪುಸ್ತಕಗಳಲ್ಲಿ ಪುಟಪುಟಕ್ಕೂ ಕಾಣಸಿಗುವ ಸಂಕೇತವೊಂದು 'ಪಾ. ಮಂ.' ಎಂಬುದು. ಅಡಿಕೆ ಪಾ. ಮಂ.ಗೆ ಹೋಯಿತು, ಉಪ್ಪು ಪಾ. ಮಂ.ನಿಂದ ಬಂದಿತು, ಪಾ. ಮಂ. ಗಾಡಿ ಬಾಡಿಗೆ ಇಷ್ಟು, ಓಡದ ಬಾಡಿಗೆ ಇಷ್ಟು. ನಾನು ಬಾಲಕನಾಗಿದ್ದಾಗ ಇದು ಯಾರೋ ಒಬ್ಬ ವ್ಯಾಪಾರಿಯ ಹೆಸರಿನ ಮೊದಲಕ್ಷರಗಳೆಂದು ತಿಳಿದಿದ್ದೆ. ಅದು ಒಂದು ಊರು, ಪಾಣೆಮಂಗಳೂರು, ಎಂದು ತಂದೆಯವರು ತಿಳಿಸಿದರು. ಒಂದು ಊರನ್ನು ಎರಡಕ್ಷರದಲ್ಲಿ ಬರೆದರೂ ಯಾರಿಗೂ ಸಂದೇಹ ಬಾರದಂತಹ ಕಾಲವೊಂದಿತ್ತು.

ಇಂದು ಪೂರ್ಣವಾಗಿ ಬರೆದರೂ ದೂರದವರಿಗೆ ಸಂದೇಹವೇ. ಮಂಗಳೂರಿನ ಒಂದು ಬಡಾವಣೆಯಿರಬೇಕೆಂದು ಅವರು ಊಹಿಸುತ್ತಾರೆ. ಆಡಳಿತದ ದೃಷ್ಟಿಯಿಂದ ಅದು ಬಂಟ್ವಾಳ ಪುರಸಭೆಗೆ ಸೇರಿದ ಭಾಗ. ನೇತ್ರಾವತಿಯ ತೆಂಕು ದಡದಲ್ಲಿ ತನ್ನದೇ ಪೇಟೆ, ತನ್ನದೇ ಕಡವು, ತನ್ನದೇ ವರ್ತಕ ಮನೆತನಗಳನ್ನು ಹೊಂದಿದ್ದ ಊರು, ಬಡಗು ದಡದ ನೆರೆಯೂರಿನ ಹೆಸರಿನೊಳಗೆ ಲೀನವಾಗಿದೆ. ಹೀಗಾದುದು ಸರಿಯೇ, ತಪ್ಪೇ ಎಂದು ತೀರ್ಪು ಕೊಡಲು ನಾನು ಇದನ್ನು ಬರೆಯುತ್ತಿಲ್ಲ. ಒಂದು ಊರು ಇನ್ನೊಂದರಲ್ಲಿ ಲೀನವಾದಾಗ ಉಳಿದುಕೊಂಡವನಿಗೆ ಲೀನವಾದವನ ವಿಷಯದಲ್ಲಿ ಯಾವ ಋಣವಿದೆ ಎಂಬ ಪ್ರಶ್ನೆ, ನನ್ನ ಅಂಗಡಿಯ ಲೆಕ್ಕದ ಮೂಲಕ ನನ್ನ ಮನೆಯ ಬಾಗಿಲಿಗೇ ಬಂದು ನಿಂತುದರಿಂದ ಬರೆಯಬೇಕಾಯಿತು.

ಮೊದಲು ಊರಿನ ವಿಚಾರ. ಉಪ್ಪಿನಂಗಡಿಯಲ್ಲಿ ಕುಮಾರಧಾರೆಯನ್ನು ಕೂಡಿಕೊಂಡ ನೇತ್ರಾವತಿಯು ಪಶ್ಚಿಮಾಭಿಮುಖವಾಗಿ ಹರಿದು ಬಂಟ್ವಾಳ, ಪಾಣೆಮಂಗಳೂರುಗಳನ್ನು ದಾಟಿ ಮಂಗಳೂರಿನ ಬಳಿ ಕಡಲನ್ನು ಸೇರುತ್ತದೆ. ಘಟ್ಟದ ಮೇಲಣ ಸರಕು ಎತ್ತಿನ ಗಾಡಿಗಳಲ್ಲಿ ಇಳಿದು ಬಂದು ಇಲ್ಲಿ ಓಡಗಳನ್ನೇರುತ್ತಿತ್ತು. ಬಂದರಿನಿಂದ ಉಪ್ಪು, ಒಣಮೀನು, ಹಂಚು, ಬಟ್ಟೆ ಮೇಲಕ್ಕೆ ಬರುತ್ತಿದ್ದವು. (ಒಣಮೀನಿನ ವ್ಯಾಪಾರ ನಮ್ಮದಲ್ಲ, ಆದರೆ ಅದೇ ಓಡದಲ್ಲಿ ಬಂದ ಉಪ್ಪಿನ ಚೀಲಕ್ಕೆ ಅದರ ವಾಸನೆ ಹಿಡಿದಿರುತ್ತಿತ್ತೆಂದು ಅಜ್ಜಿ ಗೊಣಗುತ್ತಿದ್ದರಂತೆ.) ಸಮೀಪದ ನಂದಾವರವು ಜೈನ ಅರಸರಾದ ಬಂಗರ ರಾಜಧಾನಿಯಾಗಿ ಮೆರೆದಿದ್ದ ಸ್ಥಳ. ಹಾಗೆ ನೋಡಿದರೆ ಲೀನವಾಗುವುದು ಈ ದಡಕ್ಕೆ ಹೊಸದಲ್ಲ. ರಾಜಧಾನಿಯೇ ಗ್ರಾಮವಾಗಿರುವಾಗ ಪೇಟೆಯು ವಾರ್ಡಾದುದು ಅಚ್ಚರಿಯೇ?

ಪಾಣೆಮಂಗಳೂರಿನ ಉಕ್ಕಿನ ಸೇತುವೆ 1914ರದು. ಇಂದಿಗೂ ನಿಂತಿರುವ ಆ ಸೇತುವೆಯೇ ಊರಿನ ಭಾಗ್ಯವೂ ಆಯಿತು, ಭಾಗ್ಯದ ಕೊನೆಯೂ ಆಯಿತು. ಗಾಡಿಗಳು ನದಿಯನ್ನು ದಾಟಲಾರಂಭಿಸಿದ ಮೇಲೆ ಕಡವಿನ ಬಳಿ ಕಾಯಬೇಕಾದ ಅಗತ್ಯ ಕಡಿಮೆಯಾಯಿತು. ಕಾಯುವವರಿಲ್ಲದ ಕಡವಿನಲ್ಲಿ ಪೇಟೆ ಬೆಳೆಯುವುದೆಂತು? ಆದರೂ ಭಾರದ ಸರಕಿಗೆ ಓಡವೇ ಅಗ್ಗವಾದುದರಿಂದ ಕೆಲವು ಕಾಲ ಎರಡೂ ನಡೆದವು. ಅನಂತರ 1923ರ ಆಗಸ್ಟ್ ತಿಂಗಳಿನಲ್ಲಿ ಬಂದ ಮಹಾಪ್ರವಾಹ. 'ಮಾರಿಬೊಲ್ಲ' ಎಂದು ತುಳುವರು ಇಂದಿಗೂ ನೆನೆಯುವ ಆ ನೆರೆಯು ನೇತ್ರಾವತಿಯ ಎರಡೂ ದಡಗಳನ್ನು ತೊಳೆದುಹಾಕಿತು. 1974ರಲ್ಲಿ ಮತ್ತೊಂದು ದೊಡ್ಡ ನೆರೆ. 2019ರ ಆಗಸ್ಟ್‌ನಲ್ಲಿಯೂ ಬಂಟ್ವಾಳ, ಪಾಣೆಮಂಗಳೂರುಗಳ ತಗ್ಗಿನ ಮನೆಗಳಿಗೆ ನೀರು ನುಗ್ಗಿದುದನ್ನು ನಾವೆಲ್ಲರೂ ಕಂಡಿದ್ದೇವೆ. ಬಂಟ್ವಾಳದಲ್ಲಿ ನೀರಿನ ಮಟ್ಟ 8.5 ಮೀಟರಿಗೆ ಏರಿತೆಂದರೆ ಅಪಾಯವೆಂದು ಲೆಕ್ಕ; ಆಲಡ್ಕದಂತಹ ತಗ್ಗಿನ ಜಾಗದವರು ಅದಕ್ಕೂ ಮೊದಲೇ ಪಾತ್ರೆಪಗಡಿಗಳನ್ನು ಕಟ್ಟಿಕೊಳ್ಳುತ್ತಾರೆ. ನೆರೆಗೆ ಪುರಸಭೆಯ ಗಡಿ ತಿಳಿಯದು, ಹೆಸರೂ ತಿಳಿಯದು.

ನದಿಯಿಂದ ಉಳಿದುದನ್ನು ರಸ್ತೆಯು ತೆಗೆದುಕೊಂಡಿತು. ಬಂಟ್ವಾಳಕ್ಕೆ ತಿರುಗುವ ಕೂಡುರಸ್ತೆ, ಅಂದರೆ 'ಬಂಟ್ವಾಳ ಕ್ರಾಸ್ ರೋಡ್', ಬಿ.ಸಿ. ರೋಡ್ ಎಂದಾಗಿ, ತಾಲೂಕಿನ ಕಚೇರಿಗಳು, ರೈಲು ನಿಲ್ದಾಣ, ಬಸ್ಸುಗಳು ಎಲ್ಲವನ್ನೂ ಸೆಳೆದುಕೊಂಡು ಎರಡೂ ಹಳೆಯ ಪೇಟೆಗಳನ್ನು ಮೀರಿತು. ನದಿಗೆ ಹೊಸ ಸೇತುವೆಯಾಗಿ ಹೆದ್ದಾರಿಯು ಪಾಣೆಮಂಗಳೂರು ಪೇಟೆಯನ್ನು ಬದಿಗೆ ಬಿಟ್ಟು ನೇರವಾಗಿ ಮೇಲ್ಕಾರಿಗೆ ಹೋಯಿತು. ಬಂಟ್ವಾಳದ ಪೇಟೆಗೂ ಬೈಪಾಸ್ ಆಯಿತು. ಒಂದು ಸ್ವಾರಸ್ಯವನ್ನು ಓದುಗರು ಗಮನಿಸಬೇಕು: ನೆರೆಯೂರನ್ನು ನುಂಗಿತೆಂದು ನಾವು ದೂರುವ ಬಂಟ್ವಾಳವೂ ಹೆಸರನ್ನು ಮಾತ್ರ ಉಳಿಸಿಕೊಂಡು, ಗದ್ದಲವನ್ನು ಕೂಡುರಸ್ತೆಗೆ ಒಪ್ಪಿಸಿ ಕುಳಿತಿದೆ. ಗೆದ್ದವನು ಯಾರೆಂದು ಹೇಳುವುದು ಸುಲಭವಲ್ಲ.

ಇಂತಹ ಸಂದರ್ಭದಲ್ಲಿ ನಮ್ಮ ಶಾಸ್ತ್ರಜ್ಞಾನವು ಬಹು ಬೇಗನೆ ಒಂದು ಸಮಾಧಾನವನ್ನು ಒದಗಿಸುತ್ತದೆ. ಸತ್ತೆಂಬುದು ಉತ್ಪಾದ, ವ್ಯಯ, ಧ್ರೌವ್ಯಗಳಿಂದ ಕೂಡಿದುದು. ಪರ್ಯಾಯವು ಅಳಿಯುತ್ತದೆ, ದ್ರವ್ಯವು ಉಳಿಯುತ್ತದೆ. ಊರೆಂಬುದು ಒಂದು ಪರ್ಯಾಯ, ಅಳಿದರೆ ಅಳಿಯಿತು. ಸಮಂತಭದ್ರಾಚಾರ್ಯರು 'ಆಪ್ತಮೀಮಾಂಸೆ'ಯಲ್ಲಿ ಕೊಡುವ ದೃಷ್ಟಾಂತವನ್ನು ಬಲ್ಲವರು ಇಲ್ಲಿ ನೆನೆಯದಿರಲಾರರು. ಚಿನ್ನದ ಕೊಡವೊಂದನ್ನು ಕರಗಿಸಿ ಕಿರೀಟ ಮಾಡಿದಾಗ, ಕೊಡವನ್ನು ಬಯಸಿದವನು ದುಃಖಿಸುತ್ತಾನೆ, ಕಿರೀಟವನ್ನು ಬಯಸಿದವನು ಹರ್ಷಿಸುತ್ತಾನೆ, ಚಿನ್ನವನ್ನು ಬಯಸಿದವನು ಮಧ್ಯಸ್ಥನಾಗಿರುತ್ತಾನೆ. ಮೂವರ ಭಾವಕ್ಕೂ ವಸ್ತುವಿನಲ್ಲಿಯೇ ಕಾರಣವಿದೆ ಎಂಬುದು ಆಚಾರ್ಯರ ಅಭಿಪ್ರಾಯ.

ನಾನು ಈ ದೃಷ್ಟಾಂತವನ್ನು ಅನೇಕ ಪ್ರವಚನಗಳಲ್ಲಿ ಕೇಳಿದ್ದೇನೆ. ಕೇಳಿದಾಗಲೆಲ್ಲ ಪ್ರವಚನಕಾರರು ಮೂರನೆಯವನನ್ನು ಹೊಗಳಿ ಮುಗಿಸುತ್ತಾರೆ. ಆದರೆ ಆಚಾರ್ಯರು ಕೊಡವನ್ನು ಬಯಸಿದವನ ದುಃಖವನ್ನು ಭ್ರಮೆಯೆಂದು ತಳ್ಳಿಹಾಕಿದಂತೆ ನನಗೆ ಕಾಣುವುದಿಲ್ಲ. ಕೊಡವು ನಿಜವಾಗಿಯೂ ಇಲ್ಲವಾಯಿತು. ಆದುದರಿಂದ ಅವನ ದುಃಖವು ಸಹೇತುಕವೇ. ವ್ಯಯವನ್ನು ಅಲ್ಲಗಳೆದು ಧ್ರೌವ್ಯವನ್ನು ಮಾತ್ರ ಹಿಡಿದುಕೊಳ್ಳುವುದು ಏಕಾಂತವಾದೀತೇ ಹೊರತು ಅನೇಕಾಂತವಾಗದು. ಇನ್ನೂ ಒಂದು ಮಾತನ್ನು, ಅಕ್ಕಸಾಲೆಯ ಅಂಗಡಿಯ ಎದುರು ನಲವತ್ತು ವರ್ಷ ವ್ಯಾಪಾರ ಮಾಡಿದವನಾಗಿ, ಸೇರಿಸುತ್ತೇನೆ. ಚಿನ್ನವನ್ನು ಬಯಸಿದವನು ಮಧ್ಯಸ್ಥನಾಗಿರುವುದು ಸರಿ, ಆದರೆ ಕರಗಿಸಿದ ಬಳಿಕ ಅವನು ತೂಕ ನೋಡಬೇಕಷ್ಟೆ? ಕುಲುಮೆಯಲ್ಲಿ ಒಂದಿಷ್ಟು ಸವೆಯುತ್ತದೆ. ತೂಗಿ ನೋಡದೆ 'ಚಿನ್ನವೆಲ್ಲ ಅಲ್ಲಿಯೇ ಇದೆ' ಎನ್ನುವವನು ಮಧ್ಯಸ್ಥನಲ್ಲ, ಉದಾಸೀನ. ಹಾಗೆ ಹೇಳುವವನೇ ಕಿರೀಟದ ಒಡೆಯನೂ ಆಗಿದ್ದರಂತೂ ಅದು ಉದಾಸೀನವೂ ಅಲ್ಲ.

ಇನ್ನೊಂದು ಬದಿಯನ್ನೂ ಹೇಳದಿದ್ದರೆ ನಾನು ಅನ್ಯಾಯ ಮಾಡಿದಂತಾದೀತು. ಅಕ್ಕಪಕ್ಕದ ಎರಡು ಸಣ್ಣ ಊರುಗಳು ಎರಡು ಕಚೇರಿ, ಎರಡು ನೀರಿನ ಟ್ಯಾಂಕಿ, ಎರಡು ಜಗಳಗಳನ್ನು ಇಟ್ಟುಕೊಳ್ಳುವುದಕ್ಕಿಂತ ಒಂದಾಗುವುದು ಲೇಸು. 2011ರ ಜನಗಣತಿಯಂತೆ ಇಡೀ ಬಂಟ್ವಾಳ ಪುರಸಭೆಯ ಜನಸಂಖ್ಯೆಯೇ ಸುಮಾರು 40 ಸಾವಿರ. ಅದನ್ನೂ ಒಡೆದರೆ ಕಸ ಸಾಗಿಸುವ ಲಾರಿಗೂ ಹಣ ಸಾಲದು. ಊರಿನ ಹೆಸರಿನ ಮೇಲಿನ ಅತಿಮೋಹವು ಮಮಕಾರವೇ, ಮೂರ್ಛೆಯೇ. ಮೂರ್ಛೆಯನ್ನೇ ಪರಿಗ್ರಹವೆಂದು ಕರೆದಿದ್ದಾರೆ. 1873ರಲ್ಲಿ ಡ್ಯಾನ್ಯೂಬ್ ನದಿಯ ದಡಗಳ ಬುಡಾ, ಓಬುಡಾ, ಪೆಸ್ಟ್ ಎಂಬ ಮೂರು ಊರುಗಳು ಒಂದಾಗಿ ಬುಡಾಪೆಸ್ಟ್ ಆಯಿತು. ಹೆಸರಿನಲ್ಲಿ ಎರಡೂ ದಡಗಳಿಗೆ ಜಾಗ ದೊರೆಯಿತು. ನಮ್ಮ ರಾಜ್ಯದಲ್ಲಿ 1962ರಲ್ಲಿ ಹುಬ್ಬಳ್ಳಿ ಧಾರವಾಡಗಳು ಒಂದೇ ಪಾಲಿಕೆಯಾದಾಗಲೂ ಹಾಗೆಯೇ. ನಡುವೆ ಒಂದು ಸಣ್ಣ ಗೆರೆ, ಆದರೆ ಆ ಗೆರೆಯಲ್ಲಿ ಒಂದು ಮರ್ಯಾದೆಯಿದೆ. ಎಲ್ಲ ಊರುಗಳಿಗೂ ಆ ಗೆರೆ ಸಿಗುವುದಿಲ್ಲ, ಸಿಗಲೇಬೇಕೆಂದು ನಾನು ವಾದಿಸುವುದೂ ಇಲ್ಲ. ಹೆಸರು ಕೊಡದಿದ್ದರೂ ಲೆಕ್ಕ ಕೊಡಬೇಕೆಂಬುದಷ್ಟೆ ನನ್ನ ವಾದ.

ಯಾವ ಲೆಕ್ಕ? ಸತ್ಯಾಣುವ್ರತದ ಐದು ಅತಿಚಾರಗಳಲ್ಲಿ 'ನ್ಯಾಸಾಪಹಾರ' ಎಂಬುದೊಂದು. ನಮ್ಮ ಪಾಠಶಾಲೆಗಳಲ್ಲಿ ಮಕ್ಕಳು ಇದನ್ನು 'ಠೇವಣಿಯನ್ನು ಕಬಳಿಸುವುದು' ಎಂದು ಬಾಯಿಪಾಠ ಮಾಡುತ್ತಾರೆ. ಆದರೆ ಕಬಳಿಸುವುದು ಕಳವಲ್ಲವೇ? ಅದನ್ನು ಅಸ್ತೇಯದಲ್ಲಿ ಹೇಳದೆ ಸತ್ಯದಲ್ಲಿ ಏಕೆ ಹೇಳಿದರು? ಪೂಜ್ಯಪಾದರು 'ಸರ್ವಾರ್ಥಸಿದ್ಧಿ'ಯಲ್ಲಿ ಇದಕ್ಕೆ ಕೊಟ್ಟ ವಿವರಣೆಯನ್ನು ಓದಿದಾಗ, ಬಿ.ಕಾಂ. ತರಗತಿಯಲ್ಲಿ ನಾನು ಕಲಿತ ಲೆಕ್ಕಶಾಸ್ತ್ರವೆಲ್ಲ ಒಮ್ಮೆ ತಲೆತಗ್ಗಿಸಿತು. ಒಬ್ಬನು ನಮ್ಮಲ್ಲಿ ಹೊನ್ನನ್ನು ಇಟ್ಟು ಹೋಗಿದ್ದಾನೆ. ಎಷ್ಟು ಇಟ್ಟಿದ್ದೆನೆಂಬುದನ್ನು ಮರೆತಿದ್ದಾನೆ. ಬಂದು ಕಡಿಮೆ ಕೇಳುತ್ತಾನೆ. ನಾವು 'ಹೌದು, ಅಷ್ಟೇ' ಎನ್ನುತ್ತೇವೆ. ಈ 'ಹೌದು' ಎಂಬ ಮಾತೇ ನ್ಯಾಸಾಪಹಾರ. ಇಲ್ಲಿ ಯಾರೂ ಬೀಗ ಮುರಿದಿಲ್ಲ, ಕೇಳಿದ್ದನ್ನು ಕೊಡಲು ನಿರಾಕರಿಸಿಯೂ ಇಲ್ಲ. ಕೇಳಿದಷ್ಟನ್ನು ಕೈತುಂಬ ಕೊಟ್ಟಿದ್ದೇವೆ. ದೋಷವು ಕೈಯಲ್ಲಿಲ್ಲ, ನಾಲಗೆಯಲ್ಲಿದೆ. ಆದುದರಿಂದಲೇ ಅದು ಸತ್ಯವ್ರತದ ಅತಿಚಾರ.

ಒಂದು ಊರು ಇನ್ನೊಂದರಲ್ಲಿ ಸೇರಿದಾಗ ತನ್ನದೆಂಬುದನ್ನು ನ್ಯಾಸವಾಗಿ ಇಡುತ್ತದೆ. ಮನೆ ತೆರಿಗೆ, ಸಂತೆಯ ಜಾಗ, ಹೊಳೆಬದಿಯ ದಾರಿ, ಸ್ಮಶಾನ, ಕೆರೆ, ಹಳೆಯ ಕಡತ, ಜನರು ಒಬ್ಬರನ್ನೊಬ್ಬರು ಗುರುತಿಸುವ ಬಗೆ, ಎಲ್ಲವೂ ಅದರಲ್ಲಿ ಬರುತ್ತವೆ. ಮೊದಲ ತಲೆಮಾರಿಗೆ ಏನೇನು ಇಟ್ಟೆವೆಂಬುದು ನೆನಪಿರುತ್ತದೆ. ಅವರು ಸಭೆಗಳಲ್ಲಿ ಕೇಳುತ್ತಾರೆ, ಜಗಳವಾಡುತ್ತಾರೆ. ಎರಡನೆಯ ತಲೆಮಾರು ಅರ್ಧ ಕೇಳುತ್ತದೆ. ಮೂರನೆಯದು ಒಂದು ಬೀದಿದೀಪವನ್ನು ಕೇಳುತ್ತದೆ. ದೀಪವನ್ನು ಕೂಡಲೇ ಹಾಕಿಸಿಕೊಡುವ ಆಡಳಿತವು ತಾನು ಧಾರಾಳಿಯೆಂದು ಭಾವಿಸುವುದೂ ಸಹಜ. ಇದು ಬಂಟ್ವಾಳಕ್ಕೆ ಮಾತ್ರ ಹೇಳಿದ ಮಾತಲ್ಲ. ನೇತ್ರಾವತಿಯ ಕೆಳದಂಡೆಯ ತುಂಬೆಯಲ್ಲಿ ಕಿಂಡಿ ಅಣೆಕಟ್ಟು ಕಟ್ಟಿ ನಿಲ್ಲಿಸಿದ ನೀರನ್ನೇ ಮಂಗಳೂರು ನಗರವು ಕುಡಿಯುತ್ತದೆ. ಆ ನೀರಿಗಾಗಿ ಮುಳುಗಿದ ದಡದ ತೋಟಗಳ ಮಾತು ನಗರದಲ್ಲಿ ನಲ್ಲಿ ತಿರುಗಿಸುವವನ ಕಿವಿಗೆ ಎಷ್ಟು ಸಲ ಬಿದ್ದಿದೆ? ನನ್ನ ಮಗಳ ಮನೆ ಮಂಗಳೂರಿನಲ್ಲಿದೆ. ಅಲ್ಲಿಗೆ ಹೋದಾಗ ನಾನೂ ಅದೇ ನಲ್ಲಿಯ ನೀರನ್ನು ಬಟ್ಟೆಯಲ್ಲಿ ಸೋಸಿ ಕುಡಿಯುತ್ತೇನೆ. ಜೀವಾಣುವಿನ ಲೆಕ್ಕ ಇಡುವವನು ತೋಟದ ಲೆಕ್ಕ ಇಟ್ಟಿರಲಿಲ್ಲ.

ಇಷ್ಟನ್ನೂ ಪರರಿಗೆ ಹೇಳುವುದು ಸುಲಭ. ಇನ್ನು ನನ್ನ ಮನೆಯ ಪುಟ.

1923ರ ಬೇಸಗೆಯ ಕೊನೆಗೆ ಪಾಣೆಮಂಗಳೂರಿನ ಒಬ್ಬ ಓಡದ ಯಜಮಾನರು, ಬ್ಯಾರಿ ಸಮುದಾಯದವರು, ತಮಗೆ ಬರಬೇಕಾದ ಓಡದ ಬಾಡಿಗೆಯನ್ನು ನಮ್ಮ ಅಜ್ಜನಲ್ಲಿಯೇ ಬಿಟ್ಟುಹೋದರು. ಮಳೆಗಾಲದಲ್ಲಿ ಓಡ ನಡೆಯದು. ಮನೆಯಲ್ಲಿ ಹಣವಿದ್ದರೆ ಖರ್ಚಾದೀತು. ಮಳೆ ನಿಂತ ಮೇಲೆ ಓಡದ ರಿಪೇರಿಗೆ ಬೇಕಾಗುತ್ತದೆ ಎಂದು ಇಟ್ಟುದಂತೆ. ಪುಸ್ತಕದಲ್ಲಿ ಅವರ ಹೆಸರು, ಮುಂದೆ 'ಪಾ. ಮಂ. ಕಡವಿನ ಬಳಿ', ಅದರ ಮುಂದೆ ಜಮಾ 87 ರೂಪಾಯಿ 6 ಆಣೆ. ಆಟಿಯಲ್ಲಿ ಮಾರಿಬೊಲ್ಲ ಬಂದಿತು. ಅವರು ಮತ್ತೆ ಬರಲಿಲ್ಲ. ಆ ವರ್ಷದ ದೀಪಾವಳಿಯ ಅಂಗಡಿ ಪೂಜೆಯ ದಿನ ಅಜ್ಜ ಹೊಸ ಪುಸ್ತಕಕ್ಕೆ ಆ ಬಾಕಿಯನ್ನು ಮುಂದಕ್ಕೆ ಬರೆದರು. ಮರುವರ್ಷವೂ ಬರೆದರು. ಅಜ್ಜ ತೀರಿಕೊಳ್ಳುವವರೆಗೂ ಪ್ರತಿ ಪುಸ್ತಕದ ಮೊದಲ ಪುಟಗಳಲ್ಲಿ ಆ ಹೆಸರಿದೆ. ತಂದೆಯವರೂ ಬರೆದರು. 1957ರಲ್ಲಿ ನಯಾ ಪೈಸೆ ಬಂದಾಗ ಅವರು ಅದನ್ನು 87 ರೂಪಾಯಿ 37 ನ.ಪೈ. ಎಂದು ತಿದ್ದಿದರು. ಆರು ಆಣೆಗೆ ಮೂವತ್ತೇಳೂವರೆ ಬರಬೇಕು. ಅರ್ಧ ಪೈಸೆ ಅಲ್ಲಿ ಸವೆಯಿತು. 1964ರ ಪುಸ್ತಕದಲ್ಲಿ ಆ ಹೆಸರಿಲ್ಲ. ಏಕೆಂದು ಬರೆದಿಲ್ಲ. 'ಬಾರದ ಬಾಕಿ' ಎಂಬ ಒಂದು ಮೊತ್ತದಲ್ಲಿ ಬೇರೆ ಚಿಲ್ಲರೆ ಖಾತೆಗಳೊಡನೆ ಸೇರಿ ಅದು ಲಾಭದ ಬದಿಗೆ ಹೋಗಿದೆ. ಒಂದು ಸಣ್ಣ ಖಾತೆ ದೊಡ್ಡ ಖಾತೆಯಲ್ಲಿ ಲೀನವಾಯಿತು.

ತಂದೆಯವರು ಧರ್ಮಭೀರುಗಳು, ಅಷ್ಟಮಿ, ಚತುರ್ದಶಿಗಳ ಉಪವಾಸವನ್ನು ಎಂದೂ ತಪ್ಪಿಸಿದವರಲ್ಲ. ಆ ಸ್ಥಾನದಲ್ಲಿ ನಾನಿದ್ದರೂ ಹಾಗೆಯೇ ಮಾಡುತ್ತಿದ್ದೆ, ಬಹುಶಃ ನಲವತ್ತು ವರ್ಷ ಮೊದಲೇ. ಸಾಲದ ವಸೂಲಿಗೆ ಮೂರು ವರ್ಷದ ಕಾಲಮಿತಿಯೆಂದು ನಾವು ಓದಿದವರಷ್ಟೆ. ಆದರೆ ಅದೇ ಕಾಯಿದೆಯು ಕೇಳಿದಾಗ ಕೊಡತಕ್ಕ ಠೇವಣಿಯ ವಿಷಯದಲ್ಲಿ, ಕೇಳಿದ ದಿನದಿಂದಲೇ ಆ ಮೂರು ವರ್ಷವನ್ನು ಎಣಿಸುತ್ತದೆ. ಕೇಳದವನ ಠೇವಣಿಗೆ ಕಾಲವೇ ಆರಂಭವಾಗಿಲ್ಲ. ನೆಲದ ಕಾನೂನು ಕೂಡ ಇಲ್ಲಿ ಪೂಜ್ಯಪಾದರಿಂದ ಬಹುದೂರದಲ್ಲಿಲ್ಲ.

ತಂದೆಯವರ ಕಾಲಾನಂತರ ಪೆಟ್ಟಿಗೆ ಬಿಚ್ಚಿದಾಗ ಈ ಸಂಗತಿ ನನ್ನ ಕಣ್ಣಿಗೆ ಬಿದ್ದಿತು. ಎರಡು ಸಲ ಪಾಣೆಮಂಗಳೂರಿಗೆ ಹೋದೆ. 'ಕಡವಿನ ಬಳಿ' ಎಂಬ ವಿಳಾಸವನ್ನು ಹಿಡಿದುಕೊಂಡು ಯಾರನ್ನು ಕೇಳುವುದು? ಕಡವು ಇಲ್ಲವಾಗಿ ತಲೆಮಾರುಗಳಾದವು. ಹಳೆಯ ಸೇತುವೆಯ ಬುಡದಲ್ಲಿ ನಿಂತಿದ್ದಾಗ ಮಸೀದಿಯಿಂದ ಬರುತ್ತಿದ್ದ ಒಬ್ಬ ವೃದ್ಧರು ಹೊಳೆಯ ನಡುವನ್ನು ತೋರಿಸಿ, "ನೀವು ಹೇಳುವ ಮನೆ ಈಗ ಅಲ್ಲಿ ಉಂಟು" ಎಂದರು. ಅವರ ಮಾತಿನ ಎಳೆ ಹಿಡಿದು, ಎರಡನೆಯ ಸಲ ಮೇಲ್ಕಾರಿನಲ್ಲಿ ಸರಕಿನ ಟೆಂಪೋ ಇಟ್ಟುಕೊಂಡಿರುವ, ಅರುವತ್ತರ ಹತ್ತಿರದ ಒಬ್ಬರನ್ನು ಕಂಡೆ. ಅವರ ಅಜ್ಜನ ತಂದೆಗೆ ಓಡವಿತ್ತೆಂದೂ, ನೆರೆಯಲ್ಲಿ ಓಡವೂ ಮನೆಯೂ ಹೋದ ಬಳಿಕ ಅವರು ಬಂದರಿಗೆ ಕೂಲಿಗೆ ಹೋದರೆಂದೂ ಅವರು ಕೇಳಿದ್ದರು.

ನಾನು ಹಣದ ವಿಷಯವನ್ನು ತಿಳಿಸಿದೆ. ಅವರು ಬಹಳ ಹೊತ್ತು ಸುಮ್ಮನಿದ್ದು, "ಎಷ್ಟು ಅಂತ ನಮಗೇನು ಗೊತ್ತು ಧನಿಗಳೇ? ನೀವು ಹೇಳಿದಷ್ಟು" ಎಂದರು.

ಪೂಜ್ಯಪಾದರ ವಾಕ್ಯದೊಳಗೆ ನಾನೇ ನಿಂತಿದ್ದೆ. ಎಂಬತ್ತೇಳು ರೂಪಾಯಿ ಎಂದರೆ ಅದು ಸುಳ್ಳಲ್ಲ, ಪುಸ್ತಕದಲ್ಲಿ ಹಾಗೆಯೇ ಇದೆ. ಆ ಹಣಕ್ಕೆ ಇಂದು ಅವರ ಟೆಂಪೋಗೆ ಸುಮಾರು ಒಂದು ಲೀಟರ್ ಡೀಸೆಲ್ ಸಿಗಬಹುದು. ಮನೆಗೆ ಬಂದು, ಅದೇ ಪುಸ್ತಕದ ಅದೇ ತಿಂಗಳಿನ ದರದಂತೆ ಆ ಹಣಕ್ಕೆ ಎಷ್ಟು ಅಡಿಕೆ ಬರುತ್ತಿತ್ತೆಂದು ಲೆಕ್ಕ ಹಾಕಿ, ಅಷ್ಟು ಅಡಿಕೆಗೆ ಇಂದಿನ ಬೆಲೆ ಕಟ್ಟಿದೆ. ಅಜ್ಜ ಆ ಹಣವನ್ನು ಅಡಿಕೆಯಲ್ಲಿಯೇ ತೊಡಗಿಸಿದ್ದರೆಂಬುದರಲ್ಲಿ ಸಂದೇಹವಿಲ್ಲ. ಬಂದ ಮೊತ್ತವನ್ನು ಕಂಡು ಮಗನು, "ಅಪ್ಪ, ಅವರು ಕೇಳಲೇ ಇಲ್ಲವಲ್ಲ" ಎಂದ. ಅವನ ಮಾತಿನಲ್ಲಿ ಲೋಭವಿರಲಿಲ್ಲ, ವ್ಯವಹಾರದ ಮಾತು. ಕೇಳದಿರುವುದೇ ಇಲ್ಲಿ ಕೊಡಬೇಕಾದುದಕ್ಕೆ ಕಾರಣವೆಂದು ಅವನಿಗೆ ವಿವರಿಸಲು ನನಗೆ ಒಂದು ಸಂಜೆ ಹಿಡಿಯಿತು. ಅವನು ಪೂರ್ಣವಾಗಿ ಒಪ್ಪಿದನೆಂದು ಹೇಳಲಾರೆ. ಬಡ್ಡಿಯನ್ನು ಏಕೆ ಸೇರಿಸಲಿಲ್ಲವೆಂದು ಕೇಳುವವರೂ ಇದ್ದಾರು. ಆ ಸಮುದಾಯದವರು ಬಡ್ಡಿಯನ್ನು ಮುಟ್ಟುವುದಿಲ್ಲವೆಂಬುದು ನನಗೆ ಅನುಕೂಲವಾದ ನೆಪವಾಯಿತೇ ಎಂದು ನಾನೂ ಯೋಚಿಸಿದ್ದುಂಟು.

ಬಸದಿಗಳ ಆಡಳಿತ ನಡೆಸುವ ಬಂಧುಗಳಲ್ಲಿ ಇಲ್ಲಿ ಒಂದು ಮಾತು. ನಮ್ಮ ಜಿಲ್ಲೆಯಲ್ಲಿ 1974ರ ಭೂಸುಧಾರಣೆಯ ತಿದ್ದುಪಡಿಯ ಬಳಿಕ ಉತ್ಪನ್ನ ನಿಂತುಹೋಗಿ, ಎರಡು ಮೂರು ಮನೆಗಳ ಶ್ರಾವಕರು ಮಾತ್ರ ಉಳಿದಿರುವ ಸಣ್ಣ ಬಸದಿಗಳುಂಟು. ಕಳವಿನ ಭಯದಿಂದ ಅಲ್ಲಿನ ಲೋಹದ ಬಿಂಬಗಳನ್ನು ದೊಡ್ಡ ಬಸದಿಗೆ ತಂದಿಡುವುದು, ಆಡಳಿತವನ್ನು ದೊಡ್ಡ ಟ್ರಸ್ಟಿಗೆ ಒಪ್ಪಿಸುವುದು ಅನಿವಾರ್ಯವಾಗಿರಬಹುದು. ಯಾವ ಮನೆಯವರು ಯಾವ ಹಬ್ಬದ ಪೂಜೆಗೆಂದು, ಯಾರ ನೆನಪಿನ ನಂದಾದೀಪಕ್ಕೆಂದು ಎಷ್ಟು ಇಟ್ಟಿದ್ದರು ಎಂಬ ಹಳೆಯ ಪುಸ್ತಕವನ್ನೂ ಬಿಂಬದೊಡನೆ ತಂದಿರಾ? ಆ ಮನೆಯ ಮೊಮ್ಮಗ ಮುಂಬಯಿಯಿಂದ ಬಂದು ಒಂದು ಹಣ್ಣುಕಾಯಿ ಮಾಡಿಸಿ ಪ್ರಸಾದ ಕೇಳಿದಾಗ ಪ್ರಸಾದವನ್ನಷ್ಟೇ ಕೊಟ್ಟು ಕಳುಹಿಸುತ್ತೀರಾ, ಅಥವಾ ಪುಸ್ತಕವನ್ನು ತೆರೆದು ತೋರಿಸುತ್ತೀರಾ?

ಮೇಲ್ಕಾರಿನವರು ಹಣವನ್ನು ಇನ್ನೂ ತೆಗೆದುಕೊಂಡಿಲ್ಲ. ತಮ್ಮ ಅಜ್ಜನಿಗೆ ಇಬ್ಬರು ತಮ್ಮಂದಿರಿದ್ದರು, ಒಂದು ಸಂತತಿ ಮಂಗಳೂರಿನ ಬಂದರಿನಲ್ಲಿ, ಇನ್ನೊಂದು ಕೊಲ್ಲಿಯ ದೇಶದಲ್ಲಿ ಇದೆ, "ಅವರನ್ನೂ ಕೇಳಬೇಕು ಧನಿಗಳೇ, ನಾನೊಬ್ಬನೇ ತಿಂದರೆ ಆಗುವುದಿಲ್ಲ" ಎಂದರು. ನಾನು ಬಾಯಿಪಾಠ ಮಾಡಿ ಕಲಿತುದನ್ನು ಅವರು ಟೆಂಪೋದ ಬಾಗಿಲಿಗೆ ಒರಗಿ ನಿಂತು ಹೇಳಿದರು. ಕಳೆದ ದೀಪಾವಳಿಯಂದು ಹೊಸ ಪುಸ್ತಕದ ಪೂಜೆ ಮಾಡುವಾಗ ಆ ಖಾತೆಯನ್ನು ಮರಳಿ ತೆರೆದು, ಮೊದಲ ಸಾಲಿನಲ್ಲಿ ಅಜ್ಜನ ಮೂಲ ಮೊತ್ತವನ್ನು ಆರು ಆಣೆಯ ಸಹಿತ ಬರೆದು, ಅದರ ಕೆಳಗೆ ಇಂದಿನ ಬೆಲೆಯನ್ನು ಬರೆದೆ. ಊರಿನ ಹೆಸರು ಬರೆಯುವಲ್ಲಿ ಕೈ ಒಂದು ಕ್ಷಣ ತಡೆಯಿತು. ವಾಸದ ದೃಷ್ಟಿಯಿಂದ ಮೇಲ್ಕಾರು, ಪುರಸಭೆಯ ದೃಷ್ಟಿಯಿಂದ ಬಂಟ್ವಾಳ. ಠೇವಣಿ ಇಟ್ಟವರ ಊರನ್ನೇ ಬರೆದೆ. ಸಂಕೇತಾಕ್ಷರ ಹಾಕದೆ, ಪಾಣೆಮಂಗಳೂರು ಎಂದು ಪೂರ್ಣವಾಗಿ.